ಕುದುರೆ ಮಾತಾಡುವುದಿಲ್ಲ

ಕಳೆದ ಶುಕ್ರವಾರ ಮಸ್ಕತ್ತಿನ ಹೊರಗೆ ಅಲ್ ಅಮೇರಾತಿನ ಒಂದು ತೋಟದಲ್ಲಿ ನಮ್ಮ ಎದುರು ಮನೆ ಕೆಲಸದ ಸುಮಿ ನನ್ನ ಕಣ್ಣೆದುರೇ ನಾಲ್ಕು ಕಾಲಲ್ಲಿ ನಿಂತು ಹಸಿ ಹುಲ್ಲು ತಿಂದಳು.

ಸುಮಿ ಇಂಡೋನೇಷ್ಯಾದ ಜಾವಾದವಳು. ನಾನು ಪುತ್ತೂರಿನ ಕಡೆಯವಳು, ಮಸ್ಕತ್ತಿನ ಹಮ್ರಿಯಾದಲ್ಲಿ ಮಗಳು ವಸಂತಿಯ ಮನೆಗೆ ಬಂದು ಕೂತಿದ್ದೇನೆ. ಇಲ್ಲಿ ಬಿಸಿಲು ಬೇಕಾದಷ್ಟು ಉಂಟು, ಬಾಲ್ಕನಿಯಲ್ಲಿ ಬಟ್ಟೆ ಒಣಗಿಸಲು ಮಾತ್ರ ಬಿಡುವುದಿಲ್ಲ. ಊರಲ್ಲಿ ಬೇಲಿಯಾಚೆ ಕೂಗಿದರೆ ಮಾತಿಗೆ ಜನ ಸಿಗುತ್ತಿತ್ತು. ಇಲ್ಲಿ ಮೊಮ್ಮಗಳಿಗೆ ಕನ್ನಡದಲ್ಲಿ ಕೇಳಿದರೆ ಇಂಗ್ಲಿಷಿನಲ್ಲಿ ಉತ್ತರ. ಮೆಟ್ಟಿಲ ಹತ್ತಿರ ಸುಮಿಯ ಜೊತೆ ಅರ್ಧ ಹಿಂದಿ, ಅರ್ಧ ಅರಬಿ, ಉಳಿದದ್ದು ಕೈಸನ್ನೆ.

"ಅಮ್ಮ, ವೀಸಾ ಮುಗಿಯುತ್ತಾ ಬಂತು. ಇರುದಾ, ಹೋಗುದಾ, ಒಂದು ಹೇಳು," ಎಂದು ವಸಂತಿಯದು ದಿನಾ ಒಂದೇ ರಾಗ.

"ದೈವದ ಹತ್ತಿರ ಕೇಳದೆ ಹೇಗೆ ಹೇಳುದು?"

"ಮಸ್ಕತ್ತಿನಲ್ಲಿ ನಿನಗೆ ಯಾವ ದೈವ ಸಿಗುದು?"

ಅಷ್ಟರಲ್ಲಿ ಸುಮಿ ಕರೆದಳು. ಅವರ ಊರಿನವರು ರಜೆಯ ದಿನ ಸೇರಿ ಜತಿಲಾನ್ ಎಂಬ ಕುದುರೆ ಕುಣಿತ ಮಾಡುತ್ತಾರಂತೆ. ಬಿದಿರಿನ ಕುದುರೆ ಇಲ್ಲಿ ಸಿಗದೆ ಫ್ರಿಜ್ಜಿನ ರಟ್ಟಿನಲ್ಲೇ ಕುದುರೆ ಕತ್ತರಿಸಿದ್ದರು. ಜಾಗಟೆಯ ಪೆಟ್ಟಿಗೆ ಕುಣಿದು ಕುಣಿದು ಸುಮಿಯ ಕಣ್ಣು ಮೇಲೆ ಹೋಯಿತು, ಮೈ ನಡುಗಿತು. ಮೈಮೇಲೆ ಬಂತು, ದರ್ಶನ! ಅದನ್ನು ನನಗೆ ಯಾರೂ ಹೇಳಿಕೊಡಬೇಕಿಲ್ಲ. ಹುಲ್ಲಿಗೆ ಬಾಯಿ ಹಾಕಿದಾಗ ಸ್ವಲ್ಪ ಗಾಬರಿಯಾಯಿತು, ಅಷ್ಟೆ.

ನಮ್ಮಲ್ಲಿ ದರ್ಶನ ಬಂದರೆ ದೈವ ನುಡಿ ಕೊಡುತ್ತದೆ. ನಾನು ಚಪ್ಪಲಿ ಬಿಟ್ಟು ಮುಂದೆ ಹೋಗಿ ಕೈ ಮುಗಿದೆ.

"ಸ್ವಾಮೀ, ನಾನು ಇಲ್ಲಿರುದಾ, ಹೋಗುದಾ? ಒಂದು ಮಾತು ಆಗಬೇಕು."

ಸುಮಿ ಕೆನೆದಳು. ನನ್ನ ತಲೆಯ ಮಲ್ಲಿಗೆಗೆ ಬಾಯಿ ಹಾಕಿ ಕಿತ್ತು, ಚೆನ್ನಾಗಿ ಜಗಿದು, ನಾರು ಮಾತ್ರ ಉಗಿದಳು.

ಜನರೆಲ್ಲ ಬಿದ್ದು ಬಿದ್ದು ನಕ್ಕರು. ದರ್ಶನ ಇಳಿಸುವ ಮುದುಕ ಅವಳಿಗೆ ನೀರು ಚಿಮುಕಿಸಿ, ನೆತ್ತಿಗೆ ಊದಿ, ನನ್ನ ಕಡೆ ತಿರುಗಿದ.

"ಮಾಮಾ, ಘೋಡಾ ಮಾಫಿ ಕಲಾಮ್!"

ಮಾಮಾ ಎಂದರೆ ಇಲ್ಲಿ ಅಮ್ಮ, ಮಾಫಿ ಎಂದರೆ ಇಲ್ಲ, ಕಲಾಮ್ ಎಂದರೆ ಮಾತು. ಅವರ ಕುದುರೆ ಮಾತಾಡುವುದಿಲ್ಲ. ತಿನ್ನುತ್ತದೆ, ಕುಣಿಯುತ್ತದೆ, ಖಲಾಸ್.

ಸುಮಿ ಎದ್ದು ಕೂತು ಬಾಯಿ ಒರೆಸಿಕೊಂಡಳು. ನನ್ನ ಬೋಳು ಜಡೆ ನೋಡಿ, "ಮಾಮಾ, ಫೂಲ್ ಕಹಾಂ?" ಎಂದಳು. ಅವಳ ಹೊಟ್ಟೆ ಮುಟ್ಟಿ ತೋರಿಸಿದೆ. ಈ ದೇಶಕ್ಕೆ ಬಂದ ಮೇಲೆ ನಾನು ಅಷ್ಟು ನಕ್ಕದ್ದು ಅದೇ ಮೊದಲು.

ಮನೆಗೆ ಬಂದರೆ ವಸಂತಿ ಮೊಬೈಲ್ ಹಿಡಿದು ಕೂತಿದ್ದಳು. "ಟಿಕೆಟ್ ಮಾಡುದಾ?"

"ವೀಸಾ ಮುಂದೆ ಹಾಕಿಸು. ಕುದುರೆ ಇನ್ನೂ ಹೇಳಲಿಲ್ಲ."

"ಯಾವ ಕುದುರೆ?"

"ನಿನಗೆ ಯಾಕೆ? ನಾಳೆ ಮಲ್ಲಿಗೆ ಎರಡು ಮೊಳ ತಾ."

ಊರಿನ ದೈವದ ಕೋಲಕ್ಕೆ ನಾನು ಹೋಗಿಯೇ ಹೋಗುತ್ತೇನೆ, ಕಾಯಿ ಒಡೆದು ಕೈ ಮುಗಿಯುತ್ತೇನೆ. ಆದರೆ ಇರುದಾ, ಹೋಗುದಾ ಎಂಬ ಆ ಪ್ರಶ್ನೆ ಮಾತ್ರ ಎತ್ತುವುದಿಲ್ಲ. ನಮ್ಮ ದೈವ ಕುದುರೆಯ ಹಾಗಲ್ಲ, ಉತ್ತರ ಹೇಳಿಬಿಡುತ್ತದೆ.