ಬಾವಿಯ ನೀರಿನ ಹುಳ

ಗೆಳತಿಯರೇ, ಇವತ್ತು ಬೆಳಿಗ್ಗೆ ಪಕ್ಕದ ಮನೆಯ ಗುರಮ್ಮ ಕೊಡದಲ್ಲಿ ದಾರದಂಥ ಹುಳ ಕಂಡು ಕೂಗಿದಳು: "ನೀರು ಕುಡದ್ರ ಕಾಲಾಗ ಬರೋ ನಾರುಹುಳ ಇದು! ಈ ಬಾವಿ ಮುಚ್ಚಿಸ್ರಿ!"

ನನ್ನ ಯಜಮಾನರು ತೀರಿಕೊಳ್ಳುವ ಮುಂಚೆ ತೋಡಿಸಿದ ಬಾವಿ ಅದು.

ನಾರುಹುಳದ ತಪಾಸಣೆಗೆ ಊರಿಗೆ ಬಂದಿದ್ದ ಆರೋಗ್ಯ ಸಹಾಯಕರು ಕೂಗು ಕೇಳಿ ಬಂದು, ಬಾವಿಯ ಮೆಟ್ಟಿಲಿಳಿದು, ಆಗಷ್ಟೇ ನೀರಿಗೆ ಹಾರಿದ ಒಂದು ಮಿಡತೆಯನ್ನು ತೋರಿಸಿದರು. ಅದರ ಹೊಟ್ಟೆಯಿಂದ ಅಂಥದೇ ಹುಳ ಸುರುಳಿ ಬಿಚ್ಚುತ್ತ ಹೊರಬಂತು.

"ಇದು ಮಿಡತಿಯೊಳಗ ಬೆಳೆಯೋದ್ರಿ. ಮನಷ್ಯಾರಿಗೆ ಏನೂ ಮಾಡಂಗಿಲ್ಲ. ನೀರು ಸೋಸಿ ಕುಡೀರಿ, ಸಾಕು."

"ಮಿಡತಿನೇ ಸಾಕ್ಷಿ ಹೇಳಿದ ಮ್ಯಾಲ ನಂದೇನದ ಬೇ?" ಎನ್ನುತ್ತ ಗುರಮ್ಮ ಮತ್ತೆ ಕೊಡ ಮುಳುಗಿಸಿದಳು.

ಆ ಪುಣ್ಯಾತ್ಮರಿಗೆ ಕೈಮುಗಿದೆ. ಮಿಡತೆಗೂ ಮುಗಿಯೋಣವೆಂದರೆ, ಅಷ್ಟರಲ್ಲಿ ಅದನ್ನು ಮೀನು ನುಂಗಿತ್ತು.