ತಂಗಡಿ ಚಕ್ಕೆ

ನಮ್ಮೂರು ದಂಡಿಗನಹಳ್ಳಿಯ ಕಡೆ. ಊರಾಚೆಯ ಬಂಡೆಗಳ ನಡುವೆ ತಂಗಡಿ ಗಿಡ ಬಿಟ್ಟರೆ ಇನ್ನೇನೂ ಹುಲುಸಾಗಿ ಬೆಳೆಯುತ್ತಿರಲಿಲ್ಲ. ದನ ಬಾಯಿ ಹಾಕದ ಗಿಡ. ನಮ್ಮಪ್ಪನಿಗೆ ಮಾತ್ರ ಅದು ಬೇಕಾಗಿತ್ತು. ಅಪ್ಪ ತೊಗಲು ಹದ ಮಾಡಿ, ಎತ್ತು ಕಟ್ಟಿ ಬಾವಿಯಿಂದ ನೀರೆತ್ತುವ ಕಪಿಲೆಗೆ ತೊಗಲಿನ ಬಾನಿ ಹೊಲಿದುಕೊಡುತ್ತಿದ್ದರು. ಹದಕ್ಕೆ ತಂಗಡಿಯ ಚಕ್ಕೆಯೇ ಆಗಬೇಕು. ಮಳೆ ಬಿದ್ದ ಮೇಲೆ ನಾನೂ ಅವ್ವನೂ ರೆಂಬೆ ಕಡಿದು ತಂದು, ಕಲ್ಲಿನ ಮೇಲಿಟ್ಟು ಬಡಿದು, ತೊಗಟೆ ಸುಲಿಯುತ್ತಿದ್ದೆವು. ಉಗುರಿನ ಸಂದಿನ ಕಂದು ಬಣ್ಣ ಎಷ್ಟು ಉಜ್ಜಿದರೂ ಹೋಗುತ್ತಿರಲಿಲ್ಲ.

ಅರವತ್ತರ ದಶಕದ ಮೊದಲಲ್ಲಿ ನಾನು ಶಾಲೆ ಮೇಡಂ ಆಗುವ ತರಬೇತಿಗೆಂದು ಹಾಸನಕ್ಕೆ ಹೋದೆ. ನಾಲ್ಕು ಜನ ಹುಡುಗಿಯರು ಸೇರಿ ಒಂದು ಮನೆ ಹಿಡಿದೆವು. ಮನೆ ಒಡತಿ "ಯಾವ್ ಜನ?" ಎಂದು ಕೇಳಿದಾಗ, ಅರಕಲಗೂಡು ಕಡೆಯ ಗೌಡರ ಮಗಳು ನಮ್ಮೆಲ್ಲರ ಪರವಾಗಿ, "ಎಲ್ಲಾ ಒಕ್ಕಲು ಮಕ್ಕಳೇ ಕಣಮ್ಮ" ಅಂದಳು. ನಾನು ಸುಮ್ಮನಿದ್ದೆ. ಅವಳೂ ನಾನೂ ಒಂದೇ ಚಾಪೆಯಲ್ಲಿ ಮಲಗುತ್ತಿದ್ದೆವು. ಭಾನುವಾರ ನನ್ನ ತಲೆಗೆ ಎಣ್ಣೆ ಹಚ್ಚುತ್ತಿದ್ದವಳು ಅವಳೇ. ಅಡುಗೆ ದಿನಕ್ಕೊಬ್ಬರದು.

ಒಂದು ದಿನ ಪ್ರಕೃತಿ ಪಾಠಕ್ಕೆಂದು ಮೇಷ್ಟ್ರು ನಮ್ಮನ್ನು ಊರಾಚೆಯ ಕಲ್ಲುಗುಡ್ಡಕ್ಕೆ ಕರೆದುಕೊಂಡು ಹೋದರು. ಹಳದಿ ಹೂ ತುಂಬಿದ ತಂಗಡಿ ರೆಂಬೆಯೊಂದನ್ನು ಎತ್ತಿ ಹಿಡಿದು, "ಇದರ ಉಪಯೋಗ ಏನು?" ಎಂದರು. ಒಬ್ಬಳು ಪೂಜೆಗೆ ಅಂದಳು, ಇನ್ನೊಬ್ಬಳು ಕಷಾಯಕ್ಕೆ. ಅಲ್ಲಿಯವರೆಗೆ ತರಗತಿಯಲ್ಲಿ ಬಾಯಿ ಬಿಡದ ನಾನು ಮುಂದೆ ಬಂದೆ. ಸುಣ್ಣದ ನೀರಲ್ಲಿ ನೆನೆಸಿ ಕೂದಲು ತೆಗೆಯುವುದರಿಂದ ಹಿಡಿದು, ತೊಗಲನ್ನು ಚೀಲದಂತೆ ಹೊಲಿದು ಮರಕ್ಕೆ ನೇತುಹಾಕಿ ಚಕ್ಕೆನೀರು ತುಂಬುವವರೆಗೂ ಹೇಳಿದೆ.

"ಇಷ್ಟೆಲ್ಲಾ ಹೇಗಮ್ಮ ಗೊತ್ತು ನಿಂಗೆ?"

"ನಮ್ಮಪ್ಪ ಮಾಡ್ತಾರೆ ಸಾ."

ಹೆಮ್ಮೆಯಿಂದಲೇ ಹೇಳಿದ್ದೆ. ಮೇಷ್ಟ್ರು ರೆಂಬೆಯನ್ನು ಕೆಳಗೆ ಹಾಕಿ ಮುಂದಿನ ಗಿಡಕ್ಕೆ ಹೋದರು. ಅರಕಲಗೂಡಿನ ಗೆಳತಿ ನನ್ನ ಪಕ್ಕದಿಂದ ಸರಿದು ಬೇರೆಯವರ ಜೊತೆ ನಡೆದಳು.

ಅಂದು ಅಡುಗೆ ನನ್ನದು. ಒಲೆ ಹಚ್ಚಲು ಹೋದರೆ ಅವಳು, "ಬಿಡು, ಇವತ್ತು ನಾನೇ ಮಾಡ್ತೀನಿ" ಅಂದಳು. ಮರುದಿನವೂ ಅಷ್ಟೆ. ಮೂರನೆಯ ದಿನ ನನಗೆಂದು ಬೇರೆ ಚಾಪೆ ಬಾಗಿಲ ಬಳಿ ಹಾಸಿತ್ತು. ಯಾರೂ ಬಯ್ಯಲಿಲ್ಲ. ಬೈದಿದ್ದರೆ ತಿರುಗಿ ಬೈಯಬಹುದಿತ್ತು. ವಾರ ಕಳೆಯುವ ಮುಂಚೆ ಮನೆ ಒಡತಿ ಕರೆದು, "ನಂದೇನೂ ಇಲ್ಲ ಕಣವ್ವ, ಅಕ್ಕಪಕ್ಕದೋರು ಮಾತಾಡ್ತಾರೆ" ಅಂದಳು.

ನಡೆದದ್ದನ್ನೆಲ್ಲ ಊರಿಗೆ ಕಾಗದ ಬರೆದೆ. ಅಪ್ಪ ಬಂದು ಟ್ರಂಕು ಹೊತ್ತುಕೊಂಡರು. ನಮ್ಮವರ ಕೇರಿಯಲ್ಲಿದ್ದ ದೂರದ ನೆಂಟರ ಮನೆಗೆ ನಡೆದು ಹೋಗುವಾಗ, ನನ್ನ ಮುಖ ನೋಡದೆ ಕೇಳಿದರು: "ಊವು ಪೂಜೆಗೆ ಆಯ್ತದೆ ಅಂದಿದ್ರೆ ಸಾಕಾಗಿತ್ತಲ್ಲವ್ವ. ನನ್ನ ಇಸ್ಯ ಯಾಕ್ ಏಳೋಕೋದೆ?"

ನಿಜ ಹೇಳಬೇಕೆಂದರೆ ಆಗ ನನಗೆ ಸಿಟ್ಟಿದ್ದದ್ದು ಆ ಹುಡುಗಿಯರ ಮೇಲಲ್ಲ, ಅಪ್ಪನ ಮೇಲೆ. ಅವರ ಅಂಗಿಗೆ ಹತ್ತಿದ್ದ ತೊಗಲಿನ ವಾಸನೆ ದಾರಿಯವರಿಗೂ ಬಡಿಯುತ್ತಿದೆಯೆಂದು ನಾನು ನಾಲ್ಕು ಹೆಜ್ಜೆ ಹಿಂದೆ ನಡೆದೆ. ಅವರಿಗೆ ಅದು ತಿಳಿಯಿತು. ಸುತ್ತ ನೋಡಿ ಇನ್ನಷ್ಟು ಬೇಗ ನಡೆದರು.

ತರಬೇತಿ ಮುಗಿಸಿ ಹಳ್ಳಿಮೈಸೂರಿನ ಹತ್ತಿರದ ಶಾಲೆಗೆ ಸೇರಿದೆ. ಅಷ್ಟರಲ್ಲಿ ಊರ ಬಾವಿಗಳಿಗೆ ಪಂಪು ಬಂದು ಬಾನಿ ಕೇಳುವವರಿಲ್ಲದೆ, ಅಪ್ಪ ರಸ್ತೆಗೆ ಜಲ್ಲಿ ಒಡೆಯುವ ಕೂಲಿಗೆ ಹೋಗುತ್ತಿದ್ದರು. ನನ್ನ ಶಾಲೆ ನೋಡಲು ಎಷ್ಟು ಕರೆದರೂ ಬರಲಿಲ್ಲ.

ಕೆಲವು ವರ್ಷದ ಮೇಲೆ ಹೊಳೆನರಸೀಪುರದಲ್ಲಿ ಉಪಾಧ್ಯಾಯರ ಸಭೆಯಲ್ಲಿ ಅರಕಲಗೂಡಿನವಳು ಸಿಕ್ಕಳು. ಮಾತಾಡಿಸಿದಳು, ಮಕ್ಕಳ ವಿಷಯ ಹೇಳಿದಳು. ಕೊನೆಗೆ ನನ್ನ ಕೈ ಹಿಡಿದು, "ಆವತ್ತಿಂದು ಮನಸ್ಸಲ್ಲಿ ಇಟ್ಕೋಬೇಡ ಕಣೆ. ಏನೂ ತಿಳೀದ ವಯಸ್ಸು" ಅಂದಳು.

"ನಂಗೂ ಅಷ್ಟೇ ವಯಸ್ಸಾಗಿತ್ತು" ಅಂದೆ.

ಅವಳು ಕೈ ಬಿಟ್ಟಳು. ಸಭೆ ಶುರುವಾಯಿತು, ಇಬ್ಬರೂ ಒಳಗೆ ಹೋಗಿ ಬೇರೆ ಬೇರೆ ಬೆಂಚಿನಲ್ಲಿ ಕೂತೆವು.