ಹೆಂಗಸರ ಕೋಣೆಯ ಕ್ಯಾಸೆಟ್

ವಿಟ್ಲದ ಮೈಮೂನಮ್ಮ ಮದುವೆಯ ವಿಡಿಯೊ ತೆಗೆಯಲು ಕಲಿತದ್ದು ಆಸೆಯಿಂದೇನಲ್ಲ. ಗಂಡ ಹಸನಬ್ಬ ಊರಿನ ಬ್ಯಾರಿ ಮುಸ್ಲಿಮರ ಮದುವೆಗಳಿಗೆಲ್ಲ ಕ್ಯಾಮರಾ ಹೊತ್ತು ಹೋಗುತ್ತಿದ್ದ. ಹೆಂಗಸರ ಕೋಣೆಯ ಬಾಗಿಲಲ್ಲಿ ಅವನ ಕೆಲಸ ನಿಲ್ಲುತ್ತಿತ್ತು. ಹಾಗಾಗಿ ಒಳಗೆ ಆ ಭಾರದ ಪೆಟ್ಟಿಗೆ ಇವಳ ಹೆಗಲೇರಿತು. ಹೆಗಲು ನೋವು ಇಂದಿಗೂ ಬಿಟ್ಟಿಲ್ಲ. ತೆಗೆದ ಕ್ಯಾಸೆಟ್ಟನ್ನು ಮದುಮಗಳ ಕೈಗೇ ಕೊಡಬೇಕು, ಪ್ರತಿ ಇಟ್ಟುಕೊಳ್ಳಬಾರದು, ಹೊರಗಿನ ಗಂಡಸರ ಕಣ್ಣಿಗೆ ಬೀಳಬಾರದು. ಮನೆಮನೆಗೂ ಅವಳು ಕೊಟ್ಟ ಮಾತು ಇದು. ಹಸನಬ್ಬ ಮುನಿಸಿಕೊಂಡರೂ ಅವನಿಗೆ ಒಂದನ್ನೂ ತೋರಿಸಿದವಳಲ್ಲ.

ಈ ವರ್ಷ ಮೂಡಬಿದಿರೆಯಿಂದ ನವ್ಯಾ ಎಂಬ ಹುಡುಗಿ ಬಂದಳು. ಹಳೆಯ ಮದುವೆ ಹಾಡುಗಳ ಬಗ್ಗೆ ಟಿ.ವಿ.ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದಳು.

"ಹಾಡಿದವರು ಯಾರೂ ಈಗ ಇಲ್ಲ. ನೀವು ತೆಗೆದದ್ದು ಎಲ್ಲಿಯಾದರೂ ಉಂಟಾ, ಮೈಮೂನಮ್ಮ?"

ಉಂಟು. ಸಿದ್ಧಕಟ್ಟೆಯ ಸಮೀನಾಳ ಮದುವೆಯಲ್ಲಿ ಹಾಡಿದ್ದು ಮೈಮೂನಮ್ಮನ ಉಮ್ಮ, ಹೆತ್ತ ತಾಯಿ. ಮನೆಯಲ್ಲಿ ಉಮ್ಮನ ಒಂದು ಫೋಟೊ ಕೂಡ ಇಲ್ಲ. ಆ ದನಿಯನ್ನು ನಾಲ್ಕು ಜನ ಕೇಳಲಿ ಎಂಬ ಆಸೆ ಒಮ್ಮೆ ಹೊಕ್ಕಿತು, ಮತ್ತೆ ಬಿಡಲಿಲ್ಲ. ಮಂಡಿನೋವನ್ನು ಬೈದುಕೊಳ್ಳುತ್ತ, ಬಿ.ಸಿ. ರೋಡಿನಲ್ಲಿ ಬಸ್ಸು ಬದಲಿಸಿ, ಅವಳು ಸಿದ್ಧಕಟ್ಟೆಗೆ ಹೋದಳು.

ಸಮೀನಾ ಕ್ಯಾಸೆಟ್ ತಂದು ಮಡಿಲಲ್ಲಿಟ್ಟಳು. "ನಿಮ್ಮ ಉಮ್ಮನನ್ನು ನೋಡಲಿಕ್ಕೆ ತೆಗೆದುಕೊಂಡು ಹೋಗಿ. ಟಿ.ವಿ.ಗೆ ಬೇಡ. ಪಕ್ಕದಲ್ಲೇ ನನ್ನ ಉಮ್ಮ, ತಲೆಯ ಬಟ್ಟೆ ಜಾರಿದ್ದೂ ಗೊತ್ತಿಲ್ಲದೆ ಕೈ ತಟ್ಟುತ್ತಾ ಕೂತಿದ್ದಾರೆ. ಪರವಾಗಿಲ್ಲವಾ ಅಂತ ಅವರನ್ನು ಈಗ ಕೇಳುವ ಹಾಗೂ ಇಲ್ಲ."

ನವ್ಯಾ ಎಲ್ಲಿಂದಲೋ ಹಳೆಯ ಪ್ಲೇಯರ್ ಹೊಂದಿಸಿ ತಂದಳು. ಪರದೆಯಲ್ಲಿ ಉಮ್ಮ ಹಾಡಿದರು. ಹುಡುಗಿ ಕಣ್ಣೊರೆಸಿಕೊಂಡಳು. ಮೈಮೂನಮ್ಮನಿಗೆ ಅಳಲಿಕ್ಕೂ ಸುಸ್ತು.

"ಪಕ್ಕದವರ ಮುಖ ಮಸುಕು ಮಾಡಿಸ್ತೇನೆ, ಯಾರಿಗೂ ಗೊತ್ತಾಗುವುದಿಲ್ಲ," ಎಂದಳು ನವ್ಯಾ.

"ಮಸುಕು ಮಾಡುವುದು ಯಾರು?"

"ನಮ್ಮ ಎಡಿಟರ್, ರೋಹಿತ್."

"ಹಾಗಾದರೆ ಅವನು ನೋಡ್ತಾನಲ್ಲ, ಮಾರಾಯ್ತಿ."

ದನಿ ಮಾತ್ರ ತೆಗೆದುಕೋ ಎಂದರೆ, ಚಿತ್ರವಿಲ್ಲದ ಹಾಡನ್ನು ಚಾನೆಲ್‌ನವರು ಒಪ್ಪುವುದಿಲ್ಲವಂತೆ. ಟಿ.ವಿ.ಯವರಿಗೆ ಹಳೆಯದೆಂದರೆ ಪ್ರಾಣ, ಹಳಬರಿಗೆ ಕೊಟ್ಟ ಮಾತೆಂದರೆ ತಲೆನೋವು. ಮೈಮೂನಮ್ಮ ಪ್ಲೇಯರಿನಿಂದ ಕ್ಯಾಸೆಟ್ ಹೊರತೆಗೆದು ಸೆರಗಿನೊಳಗೆ ಇಟ್ಟುಕೊಂಡಳು.

ಮಳೆಗಾಲ ಕಳೆದ ಮೇಲೆ ಸಾಕ್ಷ್ಯಚಿತ್ರ ಪ್ರಸಾರವಾಯಿತು. ಮಿರಿಮಿರಿ ಉಡುಪಿನ ಹುಡುಗಿಯರು ಕೈ ತಟ್ಟುತ್ತಾ ಯಾವುದೋ ಹಾಡು ಹೇಳಿದರು. ಕೆಳಗೆ ಅಕ್ಷರ ಬಂತು: "ಮೂಲ ಗಾಯಕಿಯರ ದೃಶ್ಯಗಳು ಉಳಿದಿಲ್ಲ." ಉಮ್ಮನನ್ನು ತಾನೇ ಇನ್ನೊಮ್ಮೆ ಮಣ್ಣು ಮಾಡಿದೆ ಎನಿಸಿತು ಮೈಮೂನಮ್ಮನಿಗೆ. ಅಷ್ಟರಲ್ಲಿ ಸಮೀನಾಳ ಫೋನು.

"ನನ್ನ ಉಮ್ಮ ಅದರಲ್ಲಿ ಬರಲಿಲ್ಲ ಅಲ್ವಾ?"

"ಇಲ್ಲ," ಎಂದಳು ಮೈಮೂನಮ್ಮ. "ನನ್ನ ಉಮ್ಮನೂ ಬರಲಿಲ್ಲ."